ಅನನ್ಯಾ ಎಂಬ ಹೆಸರು



ಈಗೀಗ ಕೂಸಿಗೆ ಲಿಂಗಧಾರಣೆ ಮಾಡಿಸಲು ಬರುವ ತಾಯಂದಿರು, "ಅನನ್ಯಾ ಅಂತ ಹೆಸರಿಡಬೇಕು, ಬುದ್ಧೀ" ಎನ್ನುತ್ತಾರೆ. ಬಸಮ್ಮ, ನೀಲಮ್ಮ ಎಂಬ ಮನೆತನದ ಹೆಸರು ಹೋಯಿತಲ್ಲಾ ಎಂದು ಅಜ್ಜಿಯರಿಗೆ ನೋವು. ಅರ್ಥ ಕೇಳಿದರೆ, "ಇವಳಂಥವಳು ಮತ್ತೊಬ್ಬಳಿಲ್ಲ" ಎಂಬ ಉತ್ತರ ಬರುತ್ತದೆ. ನಮ್ಮ ಶಾಲೆಯ ಒಂದೇ ತರಗತಿಯಲ್ಲಿ ಮೂವರು ಅನನ್ಯೆಯರಿದ್ದಾರೆ, ಆ ಮಾತು ಬೇರೆ!

ಈ ಅರ್ಥ ತಪ್ಪೆಂದು ನಾವು ಹೇಳುವುದಿಲ್ಲ. ಆದರೆ ಶಬ್ದದ ಒಳಗೆ ಇದಕ್ಕಿಂತ ದೊಡ್ಡದಿದೆ. 'ಅನ್ಯ' ಎಂದರೆ ಬೇರೆ. ಅದರ ಹಿಂದೆ ನಿಷೇಧದ 'ನ' ಸೇರಿ, ಸ್ವರ ಎದುರಾದುದರಿಂದ 'ಅನ್' ಆಗಿ ನಿಂತಿತು. ತತ್ಪುರುಷವೆಂದು ಬಿಡಿಸಿದರೆ ಬೇರೆಯಲ್ಲದವಳು. ಬಹುವ್ರೀಹಿಯೆಂದು ಬಿಡಿಸಿದರೆ ಯಾರಿಗೆ ಅನ್ಯರಿಲ್ಲವೋ ಅವಳು. ಗೀತೆಯ 9ನೆಯ ಅಧ್ಯಾಯದಲ್ಲಿ ಈ ಶಬ್ದ ಭಕ್ತರಿಗೆ ವಿಶೇಷಣವಾಗಿ ಬಂದಿದೆ. ನಾರದರ ಭಕ್ತಿಸೂತ್ರವಂತೂ ಉಳಿದ ಆಸರೆಗಳನ್ನು ಬಿಡುವುದೇ ಅನನ್ಯತೆ ಎನ್ನುತ್ತದೆ.

ಅಕ್ಕಮಹಾದೇವಿ ಕಲ್ಯಾಣಕ್ಕೆ ಬಂದಾಗ, ನಿನ್ನ ಪತಿ ಯಾರೆಂದು ಪ್ರಭುದೇವರು ಕೇಳಿದ ಪ್ರಸಂಗ ಶೂನ್ಯಸಂಪಾದನೆಯಲ್ಲಿದೆ. ಅರಸನನ್ನೂ ಅರಮನೆಯನ್ನೂ ತೊರೆದು ಬಂದ ಆ ತಾಯಿಗೆ ಹೇಳಲು ಚೆನ್ನಮಲ್ಲಿಕಾರ್ಜುನನಲ್ಲದೆ ಇನ್ನೊಂದು ಹೆಸರಿರಲಿಲ್ಲ. ಬಹುವ್ರೀಹಿ ಎಂದರೆ ಇದು! ಲಿಂಗದಲ್ಲಿ ಸಮರಸವಾದ ಮೇಲೆ ತತ್ಪುರುಷವೂ ಆಕೆಗೇ ಸಲ್ಲುತ್ತದೆ.

ಎಲ್ಲರನ್ನೂ ಮೀರಿಸಬೇಕೆಂಬ ಹೊರೆಯನ್ನು ಹೆಸರಿನೊಡನೆ ಹೊರಿಸಿದರೆ, ಎರಡನೆಯ ಸ್ಥಾನ ಬಂದ ದಿನ ಆ ಮಗು ಯಾರ ಮಡಿಲಲ್ಲಿ ಅಳಬೇಕು? ತಾಯಂದಿರೆ, ಹೆಸರನ್ನು ಸಂತೋಷದಿಂದ ಇಡಿ. ನಾವೂ ಅದೇ ಹೆಸರಿನಿಂದ ಹರಸುತ್ತೇವೆ. ಮಗಳು ಬುದ್ಧಿ ಬಂದು ಅರ್ಥ ಕೇಳಿದ ದಿನ, ಅಕ್ಕ ಪ್ರಭುದೇವರಿಗೆ ಕೊಟ್ಟ ಉತ್ತರವನ್ನು ಹೇಳಿರಿ.