ಆಮೆನ್ ಹೀಬ್ರೂ, ಮೊರೆ ಕನ್ನಡ



ಉಕ್ಕಡಗಾತ್ರಿಯ ಅಜ್ಜಯ್ಯನ ಮುಂದೆ ನಿಂತಾಗ ನಿಮ್ಮ ಕಷ್ಟವನ್ನು ಯಾವ ಭಾಷೆಯಲ್ಲಿ ಹೇಳಿಕೊಳ್ಳುತ್ತೀರಿ? ಮನೆಮಾತಿನಲ್ಲಿ ಅಲ್ಲವೇ? ಅದೇ ತುಂಗಭದ್ರೆಯ ದಡದ ಹರಿಹರದಲ್ಲಿ ಆರೋಗ್ಯಮಾತೆಯ ದೇವಾಲಯವಿದೆ. ಕ್ರೈಸ್ತರ ಪ್ರಾರ್ಥನೆಯ ಕೊನೆಗೆ ಬರುವ ‘ಆಮೆನ್’ ಹೀಬ್ರೂ ಮಾತು. ‘ಹಾಗೆಯೇ ಆಗಲಿ’ ಎಂದರ್ಥ. ‘ಹಲ್ಲೆಲೂಯಾ’ ಕೂಡ ಹೀಬ್ರೂವೇ: ದೇವರನ್ನು ಸ್ತುತಿಸಿರಿ!

ಬೈಬಲಿನ ಹಳೆಯ ಒಡಂಬಡಿಕೆಯ ಬಹುಪಾಲು ಹೀಬ್ರೂವಿನಲ್ಲಿದೆ. ಯೇಸು ಕೇಳಿ ಬೆಳೆದ ಶಾಸ್ತ್ರ ಅದು. ಆದರೆ ಆತ ಜನರೊಡನೆ ಆಡಿದ್ದು ಅವರ ದಿನದ ಮಾತಾದ ಅರಮಾಯಿಕ್. ಹೊಸ ಒಡಂಬಡಿಕೆ ಬಂದದ್ದು ಗ್ರೀಕಿನಲ್ಲಿ. ಮುಂದೆ ಕಥೋಲಿಕರ ಪೂಜೆ ಶತಮಾನಗಳ ಕಾಲ ಲ್ಯಾಟಿನ್ನಿನಲ್ಲೇ ಉಳಿಯಿತು. 1962-65ರ ಎರಡನೆಯ ವ್ಯಾಟಿಕನ್ ಮಹಾಸಭೆ ಆಯಾ ನಾಡಿನ ನುಡಿಗೆ ಬಾಗಿಲು ತೆರೆಯಿತು.

ಬೈಬಲ್ ಅದಕ್ಕೂ ಮೊದಲೇ ಕನ್ನಡಕ್ಕೆ ಬಂದಿತ್ತು. 1810ರಲ್ಲಿ ಬಳ್ಳಾರಿಗೆ ಬಂದ ಲಂಡನ್ ಮಿಷನ್ನಿನ ಜಾನ್ ಹ್ಯಾಂಡ್ಸ್ ನಮ್ಮ ನುಡಿ ಕಲಿತು ಅನುವಾದಕ್ಕೆ ಕೂತರು. 1831ರ ಹೊತ್ತಿಗೆ ಇಡೀ ಬೈಬಲ್ ಕನ್ನಡದಲ್ಲಿತ್ತು. ಹೊರಗಿನಿಂದ ಬಂದವರಿಗೆ ಅರ್ಥವಾದ ಸತ್ಯ ನಮಗೇಕೆ ಮರೆಯಬೇಕು?

ಹೀಬ್ರೂವನ್ನು ಗೌರವಿಸಿ. ಯಾರ ನುಡಿಯನ್ನೂ ಹೀಯಾಳಿಸಬೇಡಿ. ಆಮೆನ್ ಹೀಬ್ರೂವಾಗಿಯೇ ಇರಲಿ. ಅದರ ಹಿಂದಿನ ಮೊರೆ ಕನ್ನಡದಲ್ಲಿರಲಿ. ಗುಡಿಯಿರಲಿ, ಚರ್ಚಿರಲಿ, ಮಸೀದಿಯಿರಲಿ, ನಮ್ಮ ನುಡಿಗೂ ಅಲ್ಲಿ ಜಾಗ ಬೇಕೆನ್ನುವುದು ನಿಮ್ಮ ಹಕ್ಕು. ಕೇಳಿ!