ಸೂರ್ಯ ತಿರುಗಿದ್ದು ಯಾವ ದಿನ?



ಸಂಕ್ರಾಂತಿಗೆ ರಜೆ ಏಕೆ ಎಂದು ಯಾರಾದರೂ ಕೇಳಿದರೆ ನೀವು ಏನೆಂದು ಉತ್ತರಿಸುತ್ತೀರಿ? "ಅಂದು ಸೂರ್ಯ ಉತ್ತರಕ್ಕೆ ತಿರುಗುತ್ತಾನೆ, ಉತ್ತರಾಯಣ ಆರಂಭವಾಗುತ್ತದೆ" ಎನ್ನುತ್ತೀರಲ್ಲವೇ? ಹಲವು ವರ್ಷಗಳ ಹಿಂದೆ ನಾನೂ ಹಾಗೆಯೇ ಹೇಳಿದ್ದೆ. ಮನೆಯ ಜಗಲಿಯಲ್ಲಿ ಕುಳಿತು ಹೇಳಿದ್ದರೆ ಚಿಂತೆಯಿರಲಿಲ್ಲ. ಹೇಳಿದ್ದು ಕಿರುತೆರೆಯಲ್ಲಿ, ನಾನೇ ಬರೆದು ನಿರ್ಮಿಸಿದ ಹಬ್ಬದ ಕಾರ್ಯಕ್ರಮದಲ್ಲಿ.

ಕಾರ್ಯಕ್ರಮ ಪ್ರಸಾರವಾದ ವಾರದೊಳಗೆ ಒಂದು ಪತ್ರ ಬಂತು. ಬರೆದವಳು ಒಂಬತ್ತನೆಯ ತರಗತಿಯ ಹುಡುಗಿ. ಡಿಸೆಂಬರ್ ಮೊದಲ ವಾರದಿಂದ ಆಕೆ ಶಾಲೆಯ ಬಯಲಿನಲ್ಲಿ ಒಂದು ಮೀಟರ್ ಉದ್ದದ ಕೋಲು ನೆಟ್ಟು, ನಡುಹಗಲಿನ ನೆರಳನ್ನು ಅಳೆಯುತ್ತಿದ್ದಳು. ಅಳತೆಗಳ ಪಟ್ಟಿಯನ್ನೂ ಲಗತ್ತಿಸಿದ್ದಳು. ನೆರಳು ದಿನದಿಂದ ದಿನಕ್ಕೆ ಬೆಳೆದು, ಡಿಸೆಂಬರ್ 22ರ ಆಸುಪಾಸಿನಲ್ಲಿ ಹೆಚ್ಚುಕಡಿಮೆ ನಿಂತು, ಆಮೇಲೆ ಕುಗ್ಗುತ್ತಾ ಬಂದಿತ್ತು. ಕೊನೆಯಲ್ಲಿ ಒಂದೇ ಪ್ರಶ್ನೆ: "ಸೂರ್ಯ ತಿರುಗಿ ಮೂರು ವಾರವಾಯಿತಲ್ಲ ಸರ್, ನಿಮ್ಮ ಮಾತು ಸರಿಯೋ, ನನ್ನ ಕೋಲು ಸರಿಯೋ?"

ನಾನು ಭೌತಶಾಸ್ತ್ರ ಓದಿದವನು. ಉತ್ತರ ನನಗೆ ಗೊತ್ತಿತ್ತು. ಆದರೂ ಹಬ್ಬದ ಮಾತು ಬರೆಯುವಾಗ ಕಲಿತದ್ದನ್ನು ಬದಿಗಿಟ್ಟು, ಕೇಳಿದ್ದನ್ನು ಬರೆದುಬಿಟ್ಟಿದ್ದೆ. ಹುಡುಗಿಯ ಕೋಲು ಸರಿಯಾಗಿತ್ತು.

ಅದನ್ನು ನೀವೂ ಪರೀಕ್ಷಿಸಬಹುದು. ಬೆಂಗಳೂರಿನ ಅಕ್ಷಾಂಶದಲ್ಲಿ ಒಂದು ಮೀಟರ್ ಕೋಲಿನ ನಡುಹಗಲ ನೆರಳು ಡಿಸೆಂಬರ್ 22ರಂದು ಸುಮಾರು 74 ಸೆಂಟಿಮೀಟರ್. ಜನವರಿ 14ರಂದು ಸುಮಾರು 68. ಆರು ಸೆಂಟಿಮೀಟರಿನ ವ್ಯತ್ಯಾಸ ನೋಡಲು ದೂರದರ್ಶಕ ಬೇಕಿಲ್ಲ, ಅಳತೆಪಟ್ಟಿ ಸಾಕು. ಒಂದೇ ಎಚ್ಚರಿಕೆ: ಗಡಿಯಾರದ ಹನ್ನೆರಡು ಗಂಟೆಯನ್ನು ನಂಬಬೇಡಿ. ಆ ದಿನದ ಅತಿ ಗಿಡ್ಡ ನೆರಳು ಬಿದ್ದಾಗ ನಿಮ್ಮೂರಿಗೆ ನಡುಹಗಲು.

ಹಾಗಾದರೆ ಹಿರಿಯರು ತಪ್ಪು ಹೇಳಿದರೇ? ಇಲ್ಲ. ಇಲ್ಲಿ ಎರಡು ಬೇರೆ ಬೇರೆ ಸಂಗತಿಗಳು ಒಂದೇ ಹೆಸರಿನಲ್ಲಿ ಸೇರಿಕೊಂಡಿವೆ. ಸೂರ್ಯ ನಕ್ಷತ್ರಗಳ ಹಿನ್ನೆಲೆಯಲ್ಲಿ ಮಕರ ರಾಶಿಯನ್ನು ಪ್ರವೇಶಿಸುವುದು ಮಕರ ಸಂಕ್ರಾಂತಿ. ದಕ್ಷಿಣದ ತುದಿ ಮುಟ್ಟಿ ಉತ್ತರಕ್ಕೆ ಹೊರಳುವುದು ಉತ್ತರಾಯಣ. ಸುಮಾರು 1,700 ವರ್ಷಗಳ ಹಿಂದೆ ಈ ಎರಡೂ ಒಂದೇ ದಿನ ನಡೆಯುತ್ತಿದ್ದವು. ಆಗ ಹೇಳಿದ ಮಾತು ಆಗಿನ ಮಟ್ಟಿಗೆ ಪೂರಾ ನಿಜ.

ಆಮೇಲೆ ಏನಾಯಿತು? ತಿರುಗುವ ಬುಗುರಿಯ ತಲೆ ನಿಧಾನವಾಗಿ ಓಲಾಡುವುದನ್ನು ನೋಡಿದ್ದೀರಿ. ನಮ್ಮ ಭೂಮಿಯ ಅಕ್ಷವೂ ಹಾಗೆಯೇ ಓಲಾಡುತ್ತದೆ. ಒಂದು ಸುತ್ತಿಗೆ ಸುಮಾರು 26,000 ವರ್ಷ. ಇದರಿಂದಾಗಿ ನಕ್ಷತ್ರಗಳನ್ನು ನೋಡಿ ಎಣಿಸುವ ವರ್ಷ, ಋತುಗಳನ್ನು ನೋಡಿ ಎಣಿಸುವ ವರ್ಷಕ್ಕಿಂತ ಸುಮಾರು 20 ನಿಮಿಷ ಹೆಚ್ಚು. ಇಪ್ಪತ್ತು ನಿಮಿಷ ಯಾವ ಲೆಕ್ಕ ಎನ್ನಬೇಡಿ. ಎಪ್ಪತ್ತು ವರ್ಷ ಕೂಡಿದರೆ ಒಂದು ದಿನವಾಗುತ್ತದೆ. ಸ್ವಾಮಿ ವಿವೇಕಾನಂದರು ಹುಟ್ಟಿದ್ದು 1863ರ ಜನವರಿ 12ರಂದು. ಅಂದು ಮಕರ ಸಂಕ್ರಾಂತಿ. ಇಂದು ನಾವು ಜನವರಿ 12ನ್ನು ರಾಷ್ಟ್ರೀಯ ಯುವ ದಿನವಾಗಿ ಆಚರಿಸುತ್ತೇವೆ, ಸಂಕ್ರಾಂತಿ 14ಕ್ಕೋ 15ಕ್ಕೋ ಬರುತ್ತದೆ. ಹಬ್ಬ ಜಾರುತ್ತಿರುವುದಕ್ಕೆ ಕ್ಯಾಲೆಂಡರಿನ ಹಾಳೆಯೇ ಸಾಕ್ಷಿ.

ಇದು ನಮ್ಮೊಬ್ಬರ ಕಥೆಯಲ್ಲ. ಸ್ವೀಡನ್ನಿನಲ್ಲಿ ಡಿಸೆಂಬರ್ 13ರಂದು ಲೂಸಿಯಾ ಹಬ್ಬ. ಬೆಳ್ಳನೆಯ ನಿಲುವಂಗಿ ತೊಟ್ಟ ಹುಡುಗಿ, ತಲೆಯ ಮೇಲೆ ದೀಪಗಳ ಕಿರೀಟ, ಹಿಂದೆ ಹಾಡುತ್ತಾ ಬರುವ ಗೆಳತಿಯರು. ಲೂಸಿಯಾ ಎಂಬ ಹೆಸರಿನಲ್ಲೇ ಬೆಳಕು ಎಂಬರ್ಥದ ಲ್ಯಾಟಿನ್ ಪದವಿದೆ. ಅದು ವರ್ಷದ ಅತಿ ದೀರ್ಘ ರಾತ್ರಿ, ಅಂದು ಕೊಟ್ಟಿಗೆಯ ದನಗಳು ಮಾತನಾಡುತ್ತವೆ ಎಂಬುದು ಅಲ್ಲಿನ ಜನಪದರ ನಂಬಿಕೆ. ನೆರೆಯ ನಾರ್ವೆಯಲ್ಲಿ ಅದೇ ರಾತ್ರಿ ಲುಸ್ಸಿ ಎಂಬ ಮಾಯಾವಿನಿ ಮನೆಮನೆ ಸುತ್ತಿ, ಕೆಲಸ ಮುಗಿದಿದೆಯೇ ಎಂದು ಇಣುಕಿ ನೋಡುತ್ತಾಳೆಂದು ಮಕ್ಕಳನ್ನು ಹೆದರಿಸುತ್ತಿದ್ದರು. ಆದರೆ ಡಿಸೆಂಬರ್ 13 ಅತಿ ದೀರ್ಘ ರಾತ್ರಿಯಲ್ಲವಲ್ಲ? 14ನೆಯ ಶತಮಾನದಲ್ಲಿ ಹೌದಾಗಿತ್ತು. ಆಗ ಯುರೋಪಿನಲ್ಲಿ ಜೂಲಿಯನ್ ಕ್ಯಾಲೆಂಡರ್ ಇತ್ತು, ಅದು ಋತುಗಳಿಂದ ಬೇರೆಯಾಗುತ್ತಿತ್ತು. 1582ರಲ್ಲಿ ಪೋಪ್ ಹದಿಮೂರನೆಯ ಗ್ರೆಗರಿ ಅದನ್ನು ತಿದ್ದಿಸಿದರು. ಆ ವರ್ಷ ಅಕ್ಟೋಬರ್ 4ರ ಮರುದಿನವೇ 15 ಆಯಿತು. ಸ್ವೀಡನ್ ಹೊಸ ಕ್ಯಾಲೆಂಡರನ್ನು ಒಪ್ಪಿದ್ದು 1753ರಲ್ಲಿ. ದೀರ್ಘ ರಾತ್ರಿ ಡಿಸೆಂಬರ್ 21ರ ಕಡೆ ಉಳಿಯಿತು. ಹಬ್ಬ ಮಾತ್ರ 13ನ್ನು ಬಿಟ್ಟು ಕದಲಲಿಲ್ಲ.

ನೋಡಿ, ಎಷ್ಟು ಸೊಗಸಾಗಿದೆ! ಲೂಸಿಯಾ ಒಂದು ವಾರ ಮುಂಚೆ ಬರುತ್ತಾಳೆ, ನಮ್ಮ ಸಂಕ್ರಾಂತಿ ಮೂರು ವಾರ ತಡವಾಗಿ ಬರುತ್ತದೆ. ನಡುವೆ ಸೂರ್ಯ ಯಾರಿಗೂ ಕಾಯದೆ ತಿರುಗಿ ಹೋಗಿರುತ್ತಾನೆ.

ತಪ್ಪದೆ ದಿನ ಹಿಡಿದವರೂ ಇದ್ದಾರೆ. ಇರಾನಿನ ಜನ ಡಿಸೆಂಬರ್ 20 ಅಥವಾ 21ರ ರಾತ್ರಿ ಯಲ್ದಾ ಆಚರಿಸುತ್ತಾರೆ. ಮನೆಮಂದಿಯೆಲ್ಲ ಹಿರಿಯರ ಬಳಿ ಸೇರಿ, ದಾಳಿಂಬೆ, ಕಲ್ಲಂಗಡಿ ತಿನ್ನುತ್ತಾ, ಕವಿ ಹಾಫಿಜನ ಪದ್ಯಗಳನ್ನು ಓದುತ್ತಾ ದೀರ್ಘ ರಾತ್ರಿಯನ್ನು ಕಳೆಯುತ್ತಾರೆ. ಅವರ ಕ್ಯಾಲೆಂಡರಿನ ವರ್ಷ ವಸಂತದಲ್ಲಿ ಹಗಲಿರುಳು ಸಮವಾಗುವ ಕ್ಷಣಕ್ಕೆ ಕಟ್ಟಿದ್ದು. ಆದ್ದರಿಂದ ಯಲ್ದಾ ಜಾರುವುದಿಲ್ಲ. 2022ರಲ್ಲಿ ಯುನೆಸ್ಕೊ ಇದನ್ನು ಮಾನವಕುಲದ ಪರಂಪರೆಯ ಪಟ್ಟಿಗೆ ಸೇರಿಸಿತು. ಚೀನಾದ ಡೊಂಗ್‌ಜಿ ಹಬ್ಬವೂ ಸೂರ್ಯ ನಿಜವಾಗಿ ಹೊರಳುವ ದಿನವೇ ಬರುತ್ತದೆ.

ನಮ್ಮ ದೇಶದಲ್ಲೂ ಇದನ್ನು ಸರಿಪಡಿಸುವ ಯತ್ನ ನಡೆಯಿತು. 1952ರಲ್ಲಿ ವಿಜ್ಞಾನಿ ಮೇಘನಾದ ಸಾಹಾ ಅವರ ಅಧ್ಯಕ್ಷತೆಯಲ್ಲಿ ಕ್ಯಾಲೆಂಡರ್ ಸುಧಾರಣಾ ಸಮಿತಿ ರಚನೆಯಾಯಿತು. ಅದರ ಶಿಫಾರಸಿನಂತೆ 1957ರ ಮಾರ್ಚ್ 22ರಿಂದ ರಾಷ್ಟ್ರೀಯ ಪಂಚಾಂಗ ಜಾರಿಗೆ ಬಂತು. ಅದರಲ್ಲಿ ಪೌಷ ಮಾಸದ ಮೊದಲ ದಿನ ಡಿಸೆಂಬರ್ 22, ಅಂದರೆ ಹುಡುಗಿಯ ಕೋಲು ತೋರಿಸಿದ ದಿನ. ಸರ್ಕಾರದ ರಾಜ್ಯಪತ್ರದಲ್ಲಿ ಈ ತೇದಿ ಅಚ್ಚಾಗುತ್ತದೆ. ನಮ್ಮ ಅಡುಗೆಮನೆಗೆ ಮಾತ್ರ ಅದು ಬರಲೇ ಇಲ್ಲ.

ಈಗ ಪತ್ರಕ್ಕೆ ಮರಳೋಣ. ತಿದ್ದುಪಡಿ ಪ್ರಸಾರ ಮಾಡಬೇಕೆಂದಾಗ ಹಿರಿಯ ಸಹೋದ್ಯೋಗಿಯೊಬ್ಬರು ತಡೆದರು. "ಯಾರಿಗೂ ಗೊತ್ತಾಗಿಲ್ಲ, ಸುಮ್ಮನಿರಿ. ಹಬ್ಬದ ವಿಷಯ, ಜನ ನೊಂದುಕೊಳ್ಳುತ್ತಾರೆ" ಎಂದರು. ಎರಡು ದಿನ ನಾನೂ ಸುಮ್ಮನಿದ್ದೆ. ಆದರೆ ಒಬ್ಬಳಿಗೆ ಗೊತ್ತಾಗಿತ್ತಲ್ಲ. ನಾನು ಸುಮ್ಮನಿದ್ದರೆ ಆ ಹುಡುಗಿ ಎರಡರಲ್ಲಿ ಒಂದನ್ನು ಕಲಿಯುತ್ತಿದ್ದಳು: ತನ್ನ ಕೋಲು ಸುಳ್ಳು ಎಂದು, ಇಲ್ಲವೇ ದೊಡ್ಡವರಿಗೆ ನಿಜ ಬೇಕಿಲ್ಲ ಎಂದು. ಎರಡೂ ಕೆಟ್ಟ ಪಾಠಗಳೇ. ಮುಂದಿನ ವಾರ ಅವಳ ಪಟ್ಟಿಯನ್ನು ತೆರೆಯ ಮೇಲೆ ತೋರಿಸಿ, ನನ್ನ ತಪ್ಪನ್ನು ಒಪ್ಪಿಕೊಂಡೆ.

ಸಹೋದ್ಯೋಗಿ ಹೇಳಿದಂತೆ ಕೆಲವರು ನೊಂದುಕೊಂಡರು. "ಭೀಷ್ಮ ಶರಶಯ್ಯೆಯಲ್ಲಿ ಉತ್ತರಾಯಣಕ್ಕೆ ಕಾದದ್ದು ಸುಳ್ಳೇ?" ಎಂದು ಒಬ್ಬರು ಬರೆದರು. ಅವರಿಗೆ ನಾನು ಬರೆದ ಉತ್ತರ ಇಷ್ಟು: ಭೀಷ್ಮ ಕಾದದ್ದು ಸೂರ್ಯ ತಿರುಗಲಿ ಎಂದು, ಕ್ಯಾಲೆಂಡರಿನ ಹಾಳೆ ತಿರುಗಲಿ ಎಂದಲ್ಲ.

ಬೆಂಗಳೂರಿನ ಗವಿ ಗಂಗಾಧರೇಶ್ವರ ಗುಡಿಯ ವಿಷಯ ನಿಮಗೆ ಗೊತ್ತಿರಬಹುದು. ಸಂಕ್ರಾಂತಿಯ ಸಂಜೆ ಸೂರ್ಯನ ಕಿರಣ ನಂದಿಯ ಕೊಂಬುಗಳ ನಡುವೆ ಹಾದು ಲಿಂಗವನ್ನು ಮುಟ್ಟುತ್ತದೆ. ನೋಡಲು ಜನಸಾಗರವೇ ಸೇರುತ್ತದೆ. ಆದರೆ ಡಿಸೆಂಬರ್ 21ಕ್ಕೆ 24 ದಿನ ಮೊದಲೂ, ದಕ್ಷಿಣಕ್ಕೆ ಇಳಿಯುವ ದಾರಿಯಲ್ಲಿ, ಸೂರ್ಯ ಅದೇ ಜಾಗದಲ್ಲಿ ಮುಳುಗಬೇಕಲ್ಲವೇ? ಹೌದು. ನವೆಂಬರ್ ಕೊನೆಯ ದಿನಗಳಲ್ಲೂ ಅದೇ ಬೆಳಕು ಅಲ್ಲಿ ಬೀಳುತ್ತದೆ. ಬೆಂಗಳೂರಿನ ಸಂಶೋಧಕರು ಇದನ್ನು ಅಳೆದು 2008ರಲ್ಲಿ ಪ್ರಕಟಿಸಿದರು. ಬೆಳಕು ಎರಡು ಬಾರಿ ಬರುತ್ತದೆಂದು ತಿಳಿದ ಮೇಲೆ ಶಿಲ್ಪಿಯ ಮೇಲಿನ ಗೌರವ ನನಗಂತೂ ಕಡಿಮೆಯಾಗಲಿಲ್ಲ.

ಹಾಗಾದರೆ ಎಳ್ಳುಬೆಲ್ಲವನ್ನು ಡಿಸೆಂಬರಿನಲ್ಲೇ ಬೀರೋಣವೇ? ಅವರೆಕಾಯಿ ಸೊಗಡು ತುಂಬಿ, ಕಬ್ಬು ಬಲಿತು, ಸುಗ್ಗಿ ಮನೆಗೆ ಬರುವ ಕಾಲ ಇದು. ದನಗಳ ಮೈತೊಳೆದು ಕಿಚ್ಚು ಹಾಯಿಸುವವರು ಪಂಚಾಂಗದಷ್ಟೇ ಪೈರನ್ನೂ ನೋಡಿದವರು. ಒಂದು ಹಬ್ಬ ನಿಲ್ಲಲು ಆಕಾಶದಲ್ಲಿ ಒಂದು ಕಾಲು, ಹೊಲದಲ್ಲಿ ಒಂದು ಕಾಲು ಬೇಕು. ಆಕಾಶದ ಕಾಲು ಜಾರಿದೆ, ಹೊಲದ ಕಾಲು ಇನ್ನೂ ಗಟ್ಟಿಯಾಗಿದೆ. ಆದರೆ ಇದೇ ಲೆಕ್ಕ ಮುಂದುವರಿದರೆ ಐದು ಸಾವಿರ ವರ್ಷಗಳ ಹೊತ್ತಿಗೆ ಸಂಕ್ರಾಂತಿ ಮಾರ್ಚ್ ಬಿಸಿಲಿಗೆ ಹೋಗಿ ನಿಲ್ಲುತ್ತದೆ. ಆಗಿನ ಮಕ್ಕಳು ಏನು ಮಾಡಬೇಕೆಂದು ಅವರೇ ತೀರ್ಮಾನಿಸಲಿ. ಅವರಿಗೆ ಸರಿಯಾದ ಲೆಕ್ಕ ದಾಟಿಸುವುದು ನಮ್ಮ ಕೆಲಸ.

ಈ ಡಿಸೆಂಬರಿನಲ್ಲಿ ನೀವೂ ಒಂದು ಕೋಲು ನೆಡಿ, ನೆರಳಿನ ತುದಿಗೆ ದಿನವೂ ಒಂದು ಕಲ್ಲಿಡಿ. ಸಂಕ್ರಾಂತಿಯ ದಿನ ಎಳ್ಳುಬೆಲ್ಲ ತಿಂದು ಒಳ್ಳೆಯ ಮಾತಾಡಿ. ನಿಮ್ಮ ಅಳತೆ ಯಾರ ಮಾತಿಗಾದರೂ ಹೊಂದದಿದ್ದರೆ, ಆ ಮಾತು ನನ್ನದೇ ಆಗಿದ್ದರೂ ಸರಿ, ಒಂದು ಪತ್ರ ಬರೆಯಿರಿ.