ಓದುಗರ ಹಣದಿಂದ ಬದುಕಿದ ಪತ್ರಿಕೆ: ಪಿ. ಲಂಕೇಶರ ಇಪ್ಪತ್ತು ವರ್ಷಗಳು

(ಶತಮಾನೋತ್ಸವ ಸಮಾರಂಭದಲ್ಲಿ ಮಾಡಿದ ಭಾಷಣ)



ಸಾಂಗಲಿ-ಮಿರಜದ ನೆಲದಲ್ಲಿ ನಿಂತು ಬೆಂಗಳೂರಿನ ಒಂದು ವಾರಪತ್ರಿಕೆಯ ಸಂಪಾದಕರನ್ನು ಕುರಿತು ಮಾತನಾಡುವುದೇಕೆ ಎಂದು ನಿಮ್ಮಲ್ಲಿ ಕೆಲವರಿಗೆ ಅನ್ನಿಸೀತು. ಪ್ರತಿವರ್ಷ ಪ್ರವೇಶದ ದಿನಗಳಲ್ಲಿ ಪಾಲಕರು ನಮ್ಮನ್ನು ಕೇಳುವ ಪ್ರಶ್ನೆಯೊಂದಿದೆ: ಮಹಾರಾಷ್ಟ್ರದಲ್ಲಿದ್ದುಕೊಂಡು ನಮ್ಮ ಮಗು ಕನ್ನಡದಲ್ಲಿ ಓದಿ ಏನು ಮಾಡೀತು? ನೌಕರಿಯ ಲೆಕ್ಕದಲ್ಲಿ ಇದಕ್ಕೆ ಉತ್ತರ ಹೇಳುವುದು ಸುಲಭವಲ್ಲ. ಆದರೆ ಕನ್ನಡ ಶಾಲೆಗಳು ಓದುಗರನ್ನು ತಯಾರಿಸುತ್ತವೆ. ಅಂಥ ಓದುಗರನ್ನೇ ನಂಬಿ ಒಬ್ಬರು ಇಪ್ಪತ್ತು ವರ್ಷ ಪತ್ರಿಕೆ ನಡೆಸಿದರು. ಆ ಕಥೆಯನ್ನು ಹೇಳಬೇಕೆಂದು ನಾವು ಬಯಸಿದೆವು.

ಪತ್ರಿಕೆಗೂ ನಮ್ಮ ಊರಿಗೂ ಒಂದು ಕಾಕತಾಳೀಯ ನಂಟು ಉಂಟು. ಕನ್ನಡದ ಮೊದಲ ಪತ್ರಿಕೆಯಾದ 'ಮಂಗಳೂರ ಸಮಾಚಾರ'ವನ್ನು ಹರ್ಮನ್ ಮೋಗ್ಲಿಂಗ್ ಹೊರಡಿಸಿದ್ದು 1843ರಲ್ಲಿ. ಕರ್ನಾಟಕದ ಭಾಗವತ ಮೇಳದ ಆಟದಿಂದ ಪ್ರೇರಣೆ ಪಡೆದು ವಿಷ್ಣುದಾಸ ಭಾವೆಯವರು ಸಾಂಗಲಿಯಲ್ಲಿ 'ಸೀತಾ ಸ್ವಯಂವರ'ವನ್ನು ಆಡಿಸಿ ಮರಾಠಿ ರಂಗಭೂಮಿಗೆ ನಾಂದಿ ಹಾಡಿದ್ದೂ ಅದೇ ವರ್ಷ. ಇದು ಬರಿಯ ಕಾಕತಾಳೀಯವೆಂದೇ ಒಪ್ಪೋಣ. ಆದರೂ ನೆನೆಯಲು ಹಿತವಾಗುತ್ತದೆ.

ಪಿ. ಲಂಕೇಶರು 1935ರ ಮಾರ್ಚ್ 8ರಂದು ಶಿವಮೊಗ್ಗ ಜಿಲ್ಲೆಯ ಕೊನಗವಳ್ಳಿಯಲ್ಲಿ ಹುಟ್ಟಿದರು. ರೈತಾಪಿ ಹಳ್ಳಿಯಿಂದ ಬಂದ ಹುಡುಗ ಇಂಗ್ಲಿಷ್ ಸಾಹಿತ್ಯದಲ್ಲಿ ಎಂ.ಎ. ಮಾಡಿ ಬೆಂಗಳೂರಿನಲ್ಲಿ ಅಧ್ಯಾಪಕರಾದರು. ಕಥೆ, ಕವಿತೆ, ನಾಟಕಗಳಿಂದ ನವ್ಯಸಾಹಿತ್ಯದಲ್ಲಿ ಹೆಸರು ಗಳಿಸಿದರು. 'ಸಂಕ್ರಾಂತಿ' ನಾಟಕ, 'ಬಿರುಕು' ಕಾದಂಬರಿ ಆ ಕಾಲದವು. 'ಬಿರುಕು' ಆಧರಿಸಿ ತಾವೇ ನಿರ್ದೇಶಿಸಿದ 'ಪಲ್ಲವಿ' ಚಿತ್ರಕ್ಕೆ 1976ನೇ ಸಾಲಿನ ಶ್ರೇಷ್ಠ ನಿರ್ದೇಶಕ ರಾಷ್ಟ್ರಪ್ರಶಸ್ತಿ ಬಂದಿತು. ಇಷ್ಟೆಲ್ಲ ಆದ ಮೇಲೆ ಅಧ್ಯಾಪಕ ವೃತ್ತಿಯನ್ನು ಬಿಟ್ಟ ಅವರು, ನಲವತ್ತೈದನೆಯ ವಯಸ್ಸಿನಲ್ಲಿ, 1980ರಲ್ಲಿ 'ಲಂಕೇಶ್ ಪತ್ರಿಕೆ'ಯನ್ನು ಆರಂಭಿಸಿದರು. ತಿಂಗಳ ಸಂಬಳ ಬಿಟ್ಟು ವಾರದ ಮಾರಾಟಕ್ಕೆ ಜೀವನವನ್ನು ಒಡ್ಡುವುದು ಸಂಸಾರಸ್ಥನಿಗೆ ಸಣ್ಣ ನಿರ್ಧಾರವೇನಲ್ಲ.

ಅದಕ್ಕಿಂತಲೂ ದೊಡ್ಡ ನಿರ್ಧಾರ ಇನ್ನೊಂದಿತ್ತು: ಪತ್ರಿಕೆಯಲ್ಲಿ ಜಾಹೀರಾತು ಇರಲಿಲ್ಲ. ಇದರ ಅರ್ಥವನ್ನು ಸ್ವಲ್ಪ ಬಿಡಿಸಿ ನೋಡಬೇಕು. ಸಾಮಾನ್ಯವಾಗಿ ದಿನಪತ್ರಿಕೆಗಳ ಮುಖಬೆಲೆಯಿಂದ ಕಾಗದದ ಖರ್ಚು ಕೂಡ ಹುಟ್ಟುವುದು ಕಷ್ಟ. ಆ ಕೊರತೆಯನ್ನು ತುಂಬುವುದು ಜಾಹೀರಾತು. ಅದನ್ನು ಕೊಡುವವರು ಸರಕಾರ, ಕಾರಖಾನೆ, ವ್ಯಾಪಾರಿ. ಕೊಡುವ ಕೈ ಮುನಿದರೆ ಬರೆಯುವ ಕೈ ತಡೆಯುತ್ತದೆ. ಲಂಕೇಶರ ಪತ್ರಿಕೆಯಲ್ಲಿ ಕಾಗದ, ಮುದ್ರಣ, ಏಜೆಂಟರ ಕಮಿಷನ್, ಸಿಬ್ಬಂದಿಯ ಸಂಬಳ, ಮಾರಾಟವಾಗದೆ ಮರಳಿ ಬರುವ ಪ್ರತಿಗಳ ನಷ್ಟ, ಎಲ್ಲವೂ ಓದುಗನು ಅಂಗಡಿಯಲ್ಲಿ ಕೊಡುವ ಚಿಲ್ಲರೆಯಿಂದಲೇ ಹೊರಡಬೇಕಾಗಿತ್ತು. ಒಂದು ವಾರ ಸಂಚಿಕೆ ಸಪ್ಪೆಯಾದರೆ ಮುಂದಿನ ವಾರ ಅದರ ಪೆಟ್ಟು ಬೀಳುತ್ತಿತ್ತು.

ನಮ್ಮ ನೆರೆಯ ಕೊಲ್ಹಾಪುರದ ಇತಿಹಾಸದಲ್ಲಿ ಇದೇ ಪ್ರಶ್ನೆಗೆ ಬೇರೊಂದು ಉತ್ತರವಿದೆ. ಡಾ. ಅಂಬೇಡ್ಕರರು 1920ರ ಜನವರಿ 31ರಂದು 'ಮೂಕನಾಯಕ'ವನ್ನು ಹೊರಡಿಸಿದಾಗ ಶಾಹೂ ಮಹಾರಾಜರು 2,500 ರೂಪಾಯಿಗಳ ನೆರವು ನೀಡಿದ್ದರು. ಉದಾರ ದೊರೆಯ ಆಸರೆಯಲ್ಲಿ ಹುಟ್ಟಿದ ಆ ಪತ್ರಿಕೆ ಹೆಚ್ಚು ಕಾಲ ಬಾಳಲಿಲ್ಲ. ಅರವತ್ತು ವರ್ಷಗಳ ತರುವಾಯ ಲಂಕೇಶರಿಗೆ ದೊರೆ ಇರಲಿಲ್ಲ. ಆದರೆ ಆ ನಡುವೆ ಹಳ್ಳಿಹಳ್ಳಿಗೆ ಶಾಲೆ ಬಂದಿತ್ತು, ಕೊಂಡು ಓದುವ ಒಂದು ತಲೆಮಾರು ಬೆಳೆದಿತ್ತು.

ಕಾಲವೂ ಕೂಡಿ ಬಂದಿತು. 1980ರ ಜುಲೈ ತಿಂಗಳಲ್ಲಿ ನರಗುಂದ-ನವಲಗುಂದಗಳಲ್ಲಿ ಮಲಪ್ರಭಾ ನೀರಾವರಿ ಪ್ರದೇಶದ ರೈತರು ಕರದ ವಿರುದ್ಧ ಎದ್ದರು, ಗೋಲಿಬಾರ್ ಆಯಿತು. 1982ರಲ್ಲಿ ಗೋಕಾಕ ಚಳವಳಿ. ಗುಂಡೂರಾವ್ ಸರಕಾರವನ್ನು ಪತ್ರಿಕೆ ವಾರವಾರವೂ ಕಟಕಿಯಾಡಿತು. 1983ರ ಚುನಾವಣೆಯಲ್ಲಿ ಆ ಸರಕಾರ ಬಿದ್ದು ರಾಮಕೃಷ್ಣ ಹೆಗಡೆಯವರ ನೇತೃತ್ವದಲ್ಲಿ ಕರ್ನಾಟಕದ ಮೊದಲ ಕಾಂಗ್ರೆಸ್ಸೇತರ ಸರಕಾರ ಬಂದಿತು. ಇದೆಲ್ಲ ಪತ್ರಿಕೆಯಿಂದಲೇ ಆಯಿತೆನ್ನುವುದು ಅಭಿಮಾನಿಗಳ ಉತ್ಪ್ರೇಕ್ಷೆ. ಪತ್ರಿಕೆಯ ಪಾಲೂ ಇತ್ತೆನ್ನುವುದಕ್ಕೆ ಅಡ್ಡಿಯಿಲ್ಲ. ಹೊಸ ಸರಕಾರವನ್ನೂ ಲಂಕೇಶರು ಬಿಡಲಿಲ್ಲ.

ರಾಜಕಾರಣದ ಸುದ್ದಿ ಹಳಸುತ್ತದೆ. ನಮಗೆ ಹೆಚ್ಚು ಮುಖ್ಯವಾಗಿ ಕಾಣುವುದು ಆ ಪುಟಗಳಲ್ಲಿ ಬೆಳೆದ ಬರಹಗಾರರು. ಅವರಲ್ಲಿ ಇಬ್ಬರನ್ನು ಮಾತ್ರ ಇಲ್ಲಿ ನೆನೆಯುತ್ತೇವೆ.

ಸಾರಾ ಅಬೂಬಕ್ಕರ್ ಅವರು 1936ರಲ್ಲಿ ಕಾಸರಗೋಡಿನಲ್ಲಿ ಹುಟ್ಟಿದರು. ಹೆಣ್ಣುಮಕ್ಕಳನ್ನು ಓದಿಸುವುದು ಅಪರೂಪವಾಗಿದ್ದ ಸಮುದಾಯದಲ್ಲಿ ಅವರು ಅಲ್ಲಿನ ಕನ್ನಡ ಶಾಲೆಯಲ್ಲಿ ಕಲಿತರು. 1956ರಲ್ಲಿ ಕಾಸರಗೋಡು ಕೇರಳಕ್ಕೆ ಸೇರಿತು. ಗಡಿಯ ಆಚೆ ಉಳಿದ ಕನ್ನಡದ ಪಾಡು ಜತ್ತ, ಮಿರಜಗಳ ನಮಗೆ ವಿವರಿಸಿ ಹೇಳಬೇಕಾದುದಲ್ಲ. 1981ರಲ್ಲಿ ಕೋಮುಸೌಹಾರ್ದದ ಬಗೆಗೆ ಅವರು ಬರೆದ ಲೇಖನ ಲಂಕೇಶ್ ಪತ್ರಿಕೆಯಲ್ಲಿ ಬಂದಿತು. ಅದುವೇ ಅವರ ಮೊದಲ ಪ್ರಕಟಿತ ಬರಹ. ಮುಂದೆ 'ಚಂದ್ರಗಿರಿಯ ತೀರದಲ್ಲಿ' ಕಾದಂಬರಿ ಅದೇ ಪತ್ರಿಕೆಯಲ್ಲಿ ಧಾರಾವಾಹಿಯಾಯಿತು. ತಂದೆಯ ಹಟಕ್ಕೆ ಗಂಡನಿಂದ ಬೇರೆಯಾದ ನಾದಿರಾಳೆಂಬ ಹೆಣ್ಣಿನ ದುರಂತವನ್ನು, ಶಾಲೆಯಲ್ಲಿ ಕಲಿತ ಸರಳ ಕನ್ನಡದಲ್ಲಿ, ಮಧ್ಯವಯಸ್ಸಿನ ಗೃಹಿಣಿಯೊಬ್ಬರು ನಾಡಿನ ಮುಂದಿಟ್ಟರು.

ಇನ್ನೊಬ್ಬರು ಬಾನು ಮುಷ್ತಾಕ್. ಎಂಬತ್ತರ ದಶಕದಲ್ಲಿ ಅವರು ಇದೇ ಪತ್ರಿಕೆಯ ವರದಿಗಾರರಾಗಿದ್ದರು. ಬಾಲ್ಯದಲ್ಲಿ ಶಿವಮೊಗ್ಗದ ಕನ್ನಡ ಶಾಲೆಗೆ ಅವರನ್ನು ಸೇರಿಸಿಕೊಳ್ಳುವಾಗ ಆರು ತಿಂಗಳಲ್ಲಿ ಕನ್ನಡ ಓದು-ಬರಹ ಕಲಿಯಬೇಕೆಂಬ ಷರತ್ತು ಹಾಕಲಾಗಿತ್ತು. ಹುಡುಗಿ ಕೆಲವೇ ದಿನಗಳಲ್ಲಿ ಬರೆಯತೊಡಗಿದಳು. 2025ರ ಮೇ ತಿಂಗಳಲ್ಲಿ ಅವರ ಹನ್ನೆರಡು ಕಥೆಗಳ ಸಂಕಲನ, ದೀಪಾ ಭಾಸ್ತಿಯವರ ಇಂಗ್ಲಿಷ್ ಅನುವಾದದಲ್ಲಿ, ಅಂತರರಾಷ್ಟ್ರೀಯ ಬೂಕರ್ ಪ್ರಶಸ್ತಿ ಪಡೆಯಿತು. ಮನೆಯ ಮಾತು ಬೇರೆಯಾಗಿದ್ದವರಿಗೆ ಶಾಲೆ ಕೊಟ್ಟ ಕನ್ನಡ ಇದು ಎಂಬುದನ್ನು, ಉರ್ದು, ಮರಾಠಿ ಮನೆಮಾತಿನ ಮಕ್ಕಳೂ ಕುಳಿತಿರುವ ಈ ಸಭೆಯಲ್ಲಿ ಒತ್ತಿ ಹೇಳಬಯಸುತ್ತೇವೆ.

ಲಂಕೇಶರಿಗೆ ನಾವು ಬರಿಯ ಹೊಗಳಿಕೆಯ ಹಾರ ಹಾಕಿದರೆ ಅವರೇ ನಗುತ್ತಿದ್ದರು. ಅವರ ಲೇಖನಿ ಕೆಲವೊಮ್ಮೆ ನ್ಯಾಯವನ್ನು ಮೀರಿ ಹರಿತವಾಗುತ್ತಿತ್ತು. ಮಂತ್ರಿಗಳಿಗೆ ಇಟ್ಟ ಅಡ್ಡಹೆಸರುಗಳು ಓದುಗರನ್ನು ನಗಿಸಿದವು. ಅವನ್ನು ಅನುಕರಿಸಿದ ಹಲವು ವಾರಪತ್ರಿಕೆಗಳಿಗೆ ಅಡ್ಡಹೆಸರಷ್ಟೇ ಉಳಿಯಿತು, ಹಿಂದಿದ್ದ ಓದು ಬರಲಿಲ್ಲ. ಏಕೆಂದರೆ ಅದೇ ಸಂಪಾದಕರು 'ಟೀಕೆ-ಟಿಪ್ಪಣಿ' ಅಂಕಣದಲ್ಲಿ ರಾಜಕಾರಣದ ಜೊತೆಗೇ ಸಾಹಿತ್ಯವನ್ನು ಚರ್ಚಿಸುತ್ತಿದ್ದರು, 'ನೀಲು' ಎಂಬ ಹೆಸರಿನಲ್ಲಿ ಪುಟ್ಟ ಪದ್ಯಗಳನ್ನು ಬರೆಯುತ್ತಿದ್ದರು, ಬೋದಿಲೇರನನ್ನು ಕನ್ನಡಕ್ಕೆ ತಂದವರಾಗಿದ್ದರು. 'ಕಲ್ಲು ಕರಗುವ ಸಮಯ' ಕಥಾಸಂಕಲನಕ್ಕೆ 1993ರಲ್ಲಿ ಕೇಂದ್ರ ಸಾಹಿತ್ಯ ಅಕಾಡೆಮಿಯ ಪ್ರಶಸ್ತಿ ಬಂದಿತು.

ಒಬ್ಬರ ಹೆಸರಿನ ಮೇಲೆ ನಿಂತ ಪತ್ರಿಕೆಗೆ ಉತ್ತರಾಧಿಕಾರ ಕಷ್ಟದ್ದು. 2000ದ ಜನವರಿ 25ರಂದು ಲಂಕೇಶರು ತೀರಿಕೊಂಡರು. ಮಗಳು ಗೌರಿ ಸಂಪಾದಕತ್ವ ವಹಿಸಿದರು. 2005ರಲ್ಲಿ ಸೋದರ ಇಂದ್ರಜಿತ್ ಅವರಿಂದ ಬೇರೆಯಾಗಿ ತಮ್ಮದೇ ವಾರಪತ್ರಿಕೆಯನ್ನು ಕಟ್ಟಿದರು. ಅದರಲ್ಲೂ ಜಾಹೀರಾತು ಇರಲಿಲ್ಲ. 2017ರ ಸೆಪ್ಟೆಂಬರ್ 5ರಂದು, ಶಿಕ್ಷಕರ ದಿನದ ರಾತ್ರಿ, ಬೆಂಗಳೂರಿನ ತಮ್ಮ ಮನೆಯ ಮುಂದೆ ಗೌರಿ ಗುಂಡಿಗೆ ಬಲಿಯಾದರು. ಅದಕ್ಕೆ ಎರಡು ವರ್ಷ ಮೊದಲು ಕೊಲ್ಹಾಪುರದ ಗೋವಿಂದ ಪಾನಸರೆ, ಧಾರವಾಡದ ಎಂ.ಎಂ. ಕಲಬುರ್ಗಿ ಅವರೂ ಹೀಗೆಯೇ ಹೋಗಿದ್ದರು. ಈ ಮೂರು ಸಾವುಗಳು ಕೃಷ್ಣೆಯ ದಡದ ನಮಗೆ ದೂರದವಲ್ಲ.

ಕೊನೆಗೊಂದು ವಿನಂತಿ. ಹಳೆಯ ವಿದ್ಯಾರ್ಥಿಗಳ ಮನೆಗಳ ಅಟ್ಟದ ಮೇಲೆ, ಟ್ರಂಕುಗಳಲ್ಲಿ ಹಳೆಯ ಕನ್ನಡ ವಾರಪತ್ರಿಕೆಗಳು ಇದ್ದರೆ ದಯವಿಟ್ಟು ರದ್ದಿಗೆ ಹಾಕಬೇಡಿ. ಗೆದ್ದಲು ಹಿಡಿದಿದ್ದರೂ ಚಿಂತೆಯಿಲ್ಲ, ಶಾಲೆಯ ವಾಚನಾಲಯಕ್ಕೆ ತಂದುಕೊಡಿ. ರಟ್ಟು ಕಟ್ಟಿಸಿ, ವರ್ಷವಾರು ಜೋಡಿಸಿ, ಎಂಟು ಮತ್ತು ಒಂಬತ್ತನೆಯ ತರಗತಿಯ ಮಕ್ಕಳ ಕೈಗೆಟಕುವ ಕಪಾಟಿನಲ್ಲಿ ಇಡಲು ನಾವು ಏರ್ಪಾಡು ಮಾಡುತ್ತೇವೆ.